ಬಸುರಿಗೆ ಎರಡು ಲೋಟ

ವೈನು ಕಾರ್ಖಾನೆಯಲ್ಲಿ ಬಾಟಲಿ ತೊಳೆಯುತ್ತಿದ್ದ ಅವಳನ್ನು ಎಲ್ಲರೂ ಬಾಟಲಿ ಅಕ್ಕ ಎನ್ನುತ್ತಿದ್ದರು. ಅವಳ ಮಗಳು ನಾನು ಪಾಠ ಮಾಡುತ್ತಿದ್ದ ತರಗತಿಯಲ್ಲಿದ್ದಳು. ವಯಸ್ಸಿಗೆ ತೀರ ಕುಳ್ಳು, ಸದಾ ನಗುಮುಖ. ಇಂದು ಕಲಿತ ಮಗ್ಗಿ ನಾಳೆಗೆ ಅಳಿಸಿಹೋಗುತ್ತಿತ್ತು. ಸೋಮಾರಿಯೆಂದು ಭಾವಿಸಿ ಒಮ್ಮೆ ಆ ಮಗುವಿನ ಕಿವಿ ಹಿಂಡಿದ್ದೆ. ಇಂದಿಗೂ ನನ್ನ ಮೇಲೆ ನನಗೇ ಸಿಟ್ಟು.

ಆ ಕಾರ್ಖಾನೆಯದೊಂದು ದರಿದ್ರ ಪದ್ಧತಿಯಿತ್ತು. ಮಧ್ಯಾಹ್ನದ ಬಿಡುವಿನಲ್ಲಿ ಪ್ರತಿ ಹೆಂಗಸಿಗೂ ಒಂದು ಲೋಟ ವೈನು, ಬಸುರಿಗೆ ಎರಡು. "ಒಳಗಿರೋರಿಗೂ ಪಾಲು ಬೇಡವಾ?" ಎಂದು ಮೇಸ್ತ್ರಿ ಹಲ್ಲು ಕಿರಿಯುತ್ತಿದ್ದ. ಅದನ್ನು ಉಪಕಾರವೆಂದೇ ಎಲ್ಲರೂ ನಂಬಿದ್ದರು. ಅಕ್ಕನೂ ನಂಬಿ ಒಂಬತ್ತು ತಿಂಗಳು ಕುಡಿದಿದ್ದಳು.

ಮಗಳಿಗೆ ಹತ್ತು ತುಂಬಿದಾಗ ಡಾಕ್ಟರಮ್ಮ ಬಿಡಿಸಿ ಹೇಳಿದರು: ತಾಯಿ ಕುಡಿದದ್ದು ರಕ್ತದ ಮೂಲಕ ಮಗುವಿಗೂ ಹೋಗುತ್ತದೆ, ಬೆಳೆಯುವ ಮಿದುಳಿಗೆ ಪೆಟ್ಟು ಕೊಡುತ್ತದೆ, ಇಷ್ಟಾದರೆ ಪರವಾಗಿಲ್ಲ ಎನ್ನುವ ಅಳತೆಯೇ ಇಲ್ಲ. ಅಂದಿನಿಂದ ಅಕ್ಕ ಲೋಟ ಮುಟ್ಟಲಿಲ್ಲ. ಕಾರಣವನ್ನು ಮಾತ್ರ ನಾಚಿಕೆಯಿಂದ ಯಾರಿಗೂ ಹೇಳಲಿಲ್ಲ.

ವರ್ಷಗಳ ಬಳಿಕ ಅವಳ ಸೊಸೆಯೂ ಅಲ್ಲಿ ಕೆಲಸಕ್ಕೆ ಸೇರಿದಳು. ಒಂದು ಮಧ್ಯಾಹ್ನ ಮೇಸ್ತ್ರಿ ಸೊಸೆಯ ಮುಂದೆ ಎರಡು ಲೋಟ ಇಟ್ಟ.

"ಏನೇ ಇದು?" ಎಂದಳು ಅಕ್ಕ.

"ಮೂರು ತಿಂಗಳು, ಅತ್ತೆ. ಭಾರ ಎತ್ತೋಕಾಗಲ್ಲ ಅಂತ ಮೇಸ್ತ್ರಿಗೆ ಹೇಳಿದ್ದೆ. ನಿಮಗೆ ಸಂಜೆ ಹೇಳೋಣ ಅಂತ..."

ಅಕ್ಕ ಎರಡೂ ಲೋಟಗಳನ್ನು ಕಿತ್ತು ಚರಂಡಿಗೆ ಸುರಿದಳು.

"ಹುಚ್ಚು ಹಿಡೀತಾ ಅಜ್ಜಿ? ನಿನ್ನ ಮೊಮ್ಮಗನ ಪಾಲು ಕಣೇ!" ಮೇಸ್ತ್ರಿ ನಕ್ಕ.

"ಮುಚ್ಚೋ ಬಾಯಿ! ನನ್ನ ಮಗಳ ಪಾಲಿಗೂ ನೀನೇ ಸುರಿದೆ. ಅವಳು ಹಾಗೆ ಹುಟ್ಟಿದ್ದು ಇದರಿಂದಾನೇ. ಕೇಳಿಸ್ತಾ ಎಲ್ಲರಿಗೂ? ಇದರಿಂದಾನೇ!"

ಸೊಸೆಯ ಮುಖ ಬಿಳಿಚಿತು. "ಇಷ್ಟು ದಿನ ಒಂದೊಂದು ಕುಡಿದೆನಲ್ಲ, ಅತ್ತೆ?"

"ಅದನ್ನ ಡಾಕ್ಟರಮ್ಮಂಗೆ ಮುಚ್ಚಿಡದೆ ಹೇಳೋಣ. ಈಗ ನಿಲ್ಲಿಸಿದ್ರೂ ಮಗೂಗೆ ಒಳ್ಳೇದೇ ಅಂತೆ."

ಆಗ ಪಕ್ಕದ ತೊಟ್ಟಿಯಲ್ಲಿ ಬಾಟಲಿ ತೊಳೆಯುವ ಹೆಂಗಸು ಎದ್ದು ನಿಂತಳು. ಅವಳ ಮಗನಿಗೆ ಐದು ವರ್ಷವಾದರೂ ಮಾತು ಸರಿಯಾಗಿ ಬಂದಿರಲಿಲ್ಲ.

"ನಿನಗೆ ಮೊದಲೇ ಗೊತ್ತಿತ್ತಾ, ಅಕ್ಕ? ನಾನು ಎರಡೆರಡು ಕುಡಿಯೋವಾಗ ನನ್ನ ಪಕ್ಕದಲ್ಲೇ ಕೂತಿದ್ದೆಯಲ್ಲೇ!"

ಅಕ್ಕ ಅವಳ ಮುಖ ನೋಡಲಾರದೆ ನಿಂತಳು. "ಬಯ್ಯಿ ತಾಯಿ. ಎಷ್ಟು ಬೈದರೂ ಕಡಿಮೆಯೇ," ಎಂದಳು. "ಆದರೆ ಮಗನ್ನ ಕರ್ಕೊಂಡು ನೀನೂ ಡಾಕ್ಟರಮ್ಮನ ಹತ್ರ ಬಾ."

ಮೂವರು ಹೆಂಗಸರೂ ಕೆಲಸದ ಒದ್ದೆ ಬಟ್ಟೆಯಲ್ಲೇ ಗೇಟು ದಾಟಿದರು.