ಸೊನ್ನೆ ತೆಗೆದ ಶಶಿಕಲಾ

ದೊಡ್ಡವರಾದ ಮೇಲೆ ಓದು ಕಲಿಯುವ ಹೆಂಗಸರಿಗಾಗಿ ರಾಯಚೂರಿನ ಸಣ್ಣ ಕಚೇರಿಯೊಂದು ಮೊಬೈಲ್ ಆ್ಯಪ್ ಮಾಡಿತ್ತು. ಅದರ ವಿನ್ಯಾಸ ಮಲ್ಲಟದ ಶಶಿಕಲಾಳದು. ದಿನಕ್ಕೊಂದು ಪಾಠ ಓದಿದರೆ ಪರದೆಯ ಮೇಲೆ ಒಂದು ದೀಪ ಹೊತ್ತಿಕೊಳ್ಳುತ್ತಿತ್ತು. ಒಂದು ದಿನ ತಪ್ಪಿದರೂ ಅಷ್ಟೂ ದೀಪ ಆರಿ ಸೊನ್ನೆ ಕಾಣುತ್ತಿತ್ತು. ಆ ಸೊನ್ನೆಗೆ ಹೆದರಿಯಾದರೂ ಓದುವುದು ರೂಢಿಯಾದೀತು ಎಂದು ಅವಳು ನಂಬಿದ್ದಳು.

ಮೂರು ತಿಂಗಳ ಬಳಿಕ, ಆ್ಯಪ್ ಬಳಸುವುದನ್ನು ಬಿಟ್ಟವರನ್ನು ಮಾತಾಡಿಸಲು ದೇವದುರ್ಗಕ್ಕೆ ಹೋದಳು. ಅಲ್ಲಿ ಬಾಲಮ್ಮ ಸಿಕ್ಕರು. ನಲವತ್ತೊಂದು ದೀಪ ಹಚ್ಚಿದ್ದವರು, ಹತ್ತಿ ಬಿಡಿಸುವ ವಾರ ಫೋನ್ ಮುಟ್ಟಿರಲಿಲ್ಲ.

"ತಗದು ನೋಡಿದ್ರ ಸೊನ್ನಿ ಬಂದಿತ್ತವ್ವಾ. ಕಲ್ತಿದ್ದೆಲ್ಲಾ ಅಳಿಸಿ ಹೋತು ಅನಿಸ್ತು. ಮತ್ತ ಮುಟ್ಟಾಕ ನಾಚಿಕಿ," ಎಂದರು.

ವಾಪಸಾಗುವ ಬಸ್ಸಿನಲ್ಲಿ ಶಶಿಕಲಾಗೆ ಅಪ್ಪ ಪಕೀರಪ್ಪ ನೆನಪಾದ. ಕೂಲಿ ಮಾಡುತ್ತಲೇ, ಮೂವತ್ತು ದಾಟಿದ ಮೇಲೆ ಅಕ್ಷರ ಕಲಿತವನು. ಬೆಳಿಗ್ಗೆ ಮಾನ್ವಿಯ ಮೊದಲ ಬಸ್ಸಿಗೆ ಪೇಪರ್ ಬಂತೆಂದರೆ ಸೈಫುದ್ದೀನರ ಚಹಾದಂಗಡಿಯ ಬೆಂಚಿನ ಮೇಲೆ ಕೂತು, ಕೂಡಿಸಿ ಕೂಡಿಸಿ ಜೋರಾಗಿ ಓದುತ್ತಿದ್ದ. ಪಕ್ಕದಲ್ಲಿ ಮಂಡಕ್ಕಿ ಮೆಲ್ಲುತ್ತ ಅವಳು. ಸಾಲಿನ ಮೇಲೆ ಸರಿಯುವ ಅಪ್ಪನ ಒರಟು ಬೆರಳನ್ನು ನೋಡಿ ನೋಡಿಯೇ, ಶಾಲೆಗೆ ಸೇರುವ ಮೊದಲು ಅವಳಿಗೂ ಅಕ್ಷರ ಬಂದಿದ್ದವು. ನಾಟಿಯ ದಿನಗಳಲ್ಲಿ ಅಪ್ಪ ತಿಂಗಳುಗಟ್ಟಲೆ ಪರ ಊರಿಗೆ ಹೋಗುತ್ತಿದ್ದ. ಮರಳಿದಾಗ, ಓದು ಮರೆತಿದ್ದರೆ ಎಂಬ ಅಳುಕಿನಿಂದ ಅಂಗಡಿಯ ಹೊರಗೇ ನಿಲ್ಲುತ್ತಿದ್ದ. ಎಷ್ಟು ದಿನವಾಯಿತೆಂದು ಸೈಫುದ್ದೀನರು ಒಮ್ಮೆಯೂ ಕೇಳಿದವರಲ್ಲ. ಪೇಪರ್ ಬಿಡಿಸಿ ಮುಂದಿಟ್ಟು, "ಬಾ ಪಕೀರಪ್ಪಾ, ಓದು. ನೀ ಇಲ್ದ ಸುದ್ದಿಗೆ ರುಚಿನ ಇಲ್ಲ," ಎನ್ನುತ್ತಿದ್ದರು.

ಮರುದಿನ ಶಶಿಕಲಾ ಸೊನ್ನೆ ತೆಗೆಯೋಣ ಎಂದಾಗ ಕಚೇರಿಯ ಮುಖ್ಯಸ್ಥೆ ಉಮಾದೇವಿ ಒಪ್ಪಲಿಲ್ಲ.

"ಅದನ್ನ ತಗದ್ರ ದಿನಾ ಯಾರು ಬರ್ತಾರ?"

"ದಿನಾ ಬರದಿದ್ರೂ ನಡೀತದ ರೀ ಮೇಡಂ. ಬಿಟ್ಟವರು ತಿರುಗಿ ಬರಬೇಕು."

ಒಂದು ತಿಂಗಳು ನೋಡೋಣವೆಂದಾಯಿತು. ಹಚ್ಚಿದ ದೀಪ ಆರದಂತೆ ಶಶಿಕಲಾ ಮಾಡಿದಳು. ಎಷ್ಟು ದಿನ ಬಿಟ್ಟು ಬಂದರೂ "ಬರ್ರಿ, ಇಲ್ಲಿಂದ ಓದೋಣ" ಎಂಬ ದನಿಯೊಂದಿಗೆ ನಿಂತಲ್ಲಿಂದಲೇ ಪಾಠ ತೆರೆದುಕೊಳ್ಳುತ್ತಿತ್ತು. ದಿನಾ ಬರುವವರು ತುಸು ಕಡಿಮೆಯಾದರು, ನಿಜ. ಆದರೆ ಬಿಟ್ಟವರಲ್ಲಿ ಅರ್ಧಕ್ಕರ್ಧ ಮರಳಿದರು. ಉಮಾದೇವಿ ಮತ್ತೆ ಸೊನ್ನೆಯ ಮಾತೆತ್ತಲಿಲ್ಲ.

ಬಾಲಮ್ಮನೂ ಬಂದರು. ಓದಿ ಒಪ್ಪಿಸಲೆಂದು ಇಟ್ಟಿದ್ದ ಮೈಕಿನ ಗುಂಡಿ ಒತ್ತಿ ಒಂದು ದಿನ ಅವರು ಹೇಳಿದ್ದನ್ನು ಕೇಳಿ ಶಶಿಕಲಾ ಕಚೇರಿಯಲ್ಲೇ ನಕ್ಕುಬಿಟ್ಟಳು: "ಯವ್ವಾ, ಮಗಳ ಮನಿಗೆ ಗಿಲ್ಲೆಸುಗೂರಿಗೆ ಹೊಂಟೀನಿ. ನಾಕು ದಿನ ಬರಂಗಿಲ್ಲ. ಪಾಠ ಹಂಗ ಇಟ್ಟಿರು."