ಖಾರದ ಕೈ

ನರ್ಸ್ ಕೆಲಸ ಬಿಡುತ್ತೇನೆ ಎಂದು ಮನೆಯಲ್ಲಿ ನಾನು ಕಡೆಯ ಸಲ ಜಗಳವಾಡಿದ್ದು ಆ ದಿನ ಬೆಳಿಗ್ಗೆ. ಹಾವೇರಿ ಜಿಲ್ಲೆಯಾಗಿ ಆಗಿನ್ನೂ ಐದಾರು ವರ್ಷ. ಮಧ್ಯಾಹ್ನ ಅಲ್ಲಿನ ಜಿಲ್ಲಾಸ್ಪತ್ರೆಯ ನಮ್ಮ ವಾರ್ಡಿನಲ್ಲಿ ಮೂರು ವರ್ಷದ ಹುಡುಗಿಯೊಬ್ಬಳು ಜ್ವರದಿಂದ ತೀರಿಕೊಂಡಳು. ಕಣ್ಣು ತೆರೆದೇ ಇದ್ದವು. ಬ್ಯಾಡಗಿಯಲ್ಲಿ ಮೆಣಸಿನಕಾಯಿ ತೊಟ್ಟು ಬಿಡಿಸುತ್ತಿದ್ದ ತಾಯಿ ಸುದ್ದಿ ಕೇಳಿ ಕೆಲಸದಿಂದಲೇ ಓಡಿಬಂದಳು, ಆದರೆ ಮಂಚದಿಂದ ಮಾರು ದೂರ ನಿಂತುಬಿಟ್ಟಳು. ನನಗೆ ಸಿಟ್ಟು ಬಂತು. “ಹೆತ್ತಾಕಿ ನೀನ ಮುಟ್ಟಲಿಲ್ಲಂದ್ರ ಹೆಂಗವಾ?” ಅಂದೆ.

“ಕೈ ತುಂಬ ಖಾರ ಐತ್ರಿ ಸಿಸ್ಟರ್. ಕೂಸಿನ ಕಣ್ಣು ಉರೀತಾವ. ನೀವ ಮುಚ್ರಿ.”

ನಾನು ಮುಚ್ಚಲಿಲ್ಲ. ಕೊಬ್ಬರಿ ಎಣ್ಣೆ ಹಚ್ಚಿ ಅವಳ ಒಂದೊಂದೇ ಬೆರಳು ತಿಕ್ಕಿ, ಸಾಬೂನಿನಿಂದ ತೊಳೆದೆ. ಅವಳು ಬೆರಳನ್ನು ಮೊದಲು ತನ್ನ ಕಣ್ಣಿಗೆ ಒತ್ತಿ ನೋಡಿಕೊಂಡಳು. ಆಮೇಲೆ ಮಗಳ ಕಣ್ಣು ಮುಚ್ಚಿದಳು.