ಕೆಜಾಯಾ ಮತ್ತೆ ಹತ್ತಿದ ಬೆಟ್ಟ

ಬೆಳಕು ಇನ್ನೂ ಸರಿಯಾಗಿ ಹರಿದಿಲ್ಲ. ನೆವಾಡದ ಕೋಲ್ಡ್ ಫೋರ್ಕ್ ಊರಿನ ಮೇಲಿರುವ ಬೆಟ್ಟದ ದಾರಿಯಲ್ಲಿ ಮೊಣಕಾಲು ಮುಳುಗುವಷ್ಟು ಹಿಮ. ಎಪ್ಪತ್ತು ದಾಟಿದ ಆರ್ಡಿಸ್ ಹಾಲ್ವರ್ಸನ್ ಬೆನ್ನಿಗೆ ಹಿಟ್ಟಿನ ಚೀಲ ಕಟ್ಟಿಕೊಂಡು ಇಳಿಯುತ್ತಿದ್ದಾರೆ. ಚೀಲ ಒಂದು ಪುಟ್ಟ ಮಗುವಿನಷ್ಟು ಭಾರ. ಹಿಂದೆ ಬರುತ್ತಿರುವ ಶಾಲೆಯ ಸಹಪಾಠಿ ಲಾಯ್ಡ್ ಪ್ರುಯಿಟ್‌ಗೆ ಏದುಸಿರು.

“ಬಿದ್ದು ಸೊಂಟ ಮುರ್ಕೊಂಡ್ರೆ ನಿನ್ನ ಹೊತ್ಕೊಂಡು ಹೋಗೋರು ಯಾರೇ, ಮಾರಾಯ್ತಿ?”

“ನೀನಂತೂ ಅಲ್ಲ ಬಿಡು. ಶಾಲೇಲಿ ನನ್ನ ಪುಸ್ತಕದ ಚೀಲಾನೂ ಹೊತ್ತೋನಲ್ಲ.”

ಆರ್ಡಿಸ್ ಊರಿನ ಶಾಲೆಯಲ್ಲಿ ಇತಿಹಾಸ ಕಲಿಸಿದವರು. ಈಗ ಹಳೆಯ ರೈಲು ನಿಲ್ದಾಣದ ಪುಟ್ಟ ವಸ್ತುಸಂಗ್ರಹಾಲಯದಲ್ಲಿ ಕಸ ಗುಡಿಸುವವರೂ ಅವರೇ, ಒಲೆ ಹೊತ್ತಿಸುವವರೂ ಅವರೇ. ಚಳಿಗಾಲದ ಶನಿವಾರಗಳಲ್ಲಿ ಅಲ್ಲಿ ಈ ಬೆಟ್ಟದ ಕಥೆ ಹೇಳುತ್ತಾರೆ. ಅದನ್ನು ಅವರು ಮೊದಲು ಕೇಳಿದ್ದು ಅಜ್ಜಿಯ ಅಡುಗೆಮನೆಯಲ್ಲಿ. ಕಬ್ಬಿಣದ ಒಲೆಯ ಮೇಲೆ ಕುದಿಯುವ ಹುರುಳಿಕಾಯಿ ಬೀಜ, ಪೈನ್ ಸೌದೆಯ ಅಂಟಿನ ಗಂಪು, ಹಿಟ್ಟು ನಾದುವ ಅಜ್ಜಿಯ ಕೈ. “ಆ ಗಂಪು ಈಗ್ಲೂ ಬಂದ್ರೆ ನನಗೆ ಹಿಮದ ಭಯ ಆಗತ್ತೆ,” ಎನ್ನುತ್ತಾರೆ.

ಹತ್ತೊಂಬತ್ತನೇ ಶತಮಾನದ ಮಾತು. ನೆಲೆ ಹುಡುಕಿ ಪಶ್ಚಿಮಕ್ಕೆ ಹೊರಟ ವಲಸಿಗರ ಬಂಡಿಗಳು ಬೆಟ್ಟದ ಮೇಲೆ ಅಕಾಲದ ಹಿಮಕ್ಕೆ ಸಿಕ್ಕಿದವು. ಜನ ಎತ್ತುಗಳನ್ನು ತಿಂದರು, ಆಮೇಲೆ ಚರ್ಮ ಬೇಯಿಸಿದರು. ವಿಧವೆ ಕೆಜಾಯಾ ಪ್ರುಯಿಟ್ ಬಳಿ ತನ್ನ ಮಗನ ಜೊತೆ, ದಾರಿಯಲ್ಲಿ ತಬ್ಬಲಿಯಾದ ಇನ್ನೊಂದು ಬಂಡಿಯ ಹುಡುಗಿಯೂ ಇದ್ದಳು. ಒಂದು ಬೆಳಿಗ್ಗೆ ಕೆಜಾಯಾ ಮಗನನ್ನಷ್ಟೇ ಎತ್ತಿಕೊಂಡು ಹೊರಟಳು. ಹುಡುಗಿ ಬಿಡಾರದಲ್ಲೇ ಸತ್ತಳು. ವಸಂತದಲ್ಲಿ ಹಿಮ ಕರಗಿದಾಗ ಕೆಜಾಯಾಳ ದೇಹ ಬೆಟ್ಟದ ನೆತ್ತಿಯ ಹತ್ತಿರ ಸಿಕ್ಕಿತು. ಮಗ ಮಾತ್ರ ಕೆಳಗೆ ಕಣಿವೆಯ ಮೂಲನಿವಾಸಿಗಳಾದ ಪಾಯೂಟ್ ಜನರ ನಡುವೆ ಜೀವಂತವಾಗಿದ್ದ. ಪರರ ಮಗುವನ್ನು ಬಿಟ್ಟು ಓಡಿದವಳು ಎಂದು ಊರು ತೀರ್ಮಾನಿಸಿತು.

ಲಾಯ್ಡ್ ಆ ಮಗನ ವಂಶದವರು. “ಇವನ ಹತ್ರ ನಿನ್ನ ತಂಗೀನ ಬಿಡ್ಬೇಡ, ಬಿಟ್ಟು ಓಡ್ತಾನೆ” ಎಂದು ಶಾಲೆಯಲ್ಲಿ ಹುಡುಗರು ಛೇಡಿಸುತ್ತಿದ್ದರು. ಲಾಯ್ಡ್ ಬುತ್ತಿ ಹಿಡಿದು ಒಬ್ಬರೇ ಗೋಡೆಯ ಕಡೆ ತಿರುಗಿ ಕೂರುತ್ತಿದ್ದುದನ್ನು ಆರ್ಡಿಸ್ ಮರೆತಿಲ್ಲ.

ಕೆಲವು ವರ್ಷಗಳ ಹಿಂದೆ ಆರ್ಡಿಸ್ ಕಣಿವೆಯ ಪಾಯೂಟ್ ಮಹಿಳೆ ಅಡೆಲಿನ್ ಸ್ಯಾಮ್ ಅವರ ಮನೆಗೆ ಬುಟ್ಟಿ ಹೆಣಿಗೆಯ ಬಗ್ಗೆ ಕೇಳಲು ಹೋಗಿದ್ದರು. ಹುರಿದ ಪೈನ್ ಬೀಜ ಬಿಡಿಸುತ್ತಾ ಅಡೆಲಿನ್ ಹೇಳಿದರು: “ಆ ಹೆಂಗಸು ಮಗನ್ನ ನಮ್ಮ ಹಿರಿಯಜ್ಜಿ ಮಡಿಲಿಗೆ ಹಾಕಿದ್ಲಂತೆ. ಮೇಲೆ ಇನ್ನೊಂದು ಮಗು ಇಷ್ಟೆತ್ತರದ್ದಿದೆ ಅಂತ ಕೈ ಮಾಡಿ ತೋರ್ಸಿ, ವಾಪಸ್ ಬೆಟ್ಟ ಹತ್ತಿದ್ಲಂತೆ. ನಮ್ಮೋರು ತೋಳು ಹಿಡಿದು ಎಳೆದ್ರೂ ನಿಲ್ಲಲಿಲ್ಲ.”

“ಇಷ್ಟು ವರ್ಷ ಯಾಕಮ್ಮಾ ಹೇಳ್ಲಿಲ್ಲ?”

“ನೀವ್ಯಾರಾದ್ರೂ ಕೇಳಿದ್ರಾ?”

ಆರ್ಡಿಸ್ ಅಷ್ಟಕ್ಕೇ ನಂಬಲಿಲ್ಲ. ಹಿಮ ಬಿದ್ದಾಗಲೆಲ್ಲ ಮಗುವಿನ ಭಾರದ ಚೀಲ ಹೊತ್ತು ನಡೆದು ನೋಡಿದರು. ಎರಡು ಹೊತ್ತರೆ ಸೊಂಟದವರೆಗೆ ಹೂತುಹೋಗುತ್ತಾರೆ, ಒಂದಾದರೆ ಸಂಜೆಯೊಳಗೆ ಕಣಿವೆ ಮುಟ್ಟಬಹುದು. ಈಚೆಗೆ ಶನಿವಾರಗಳಲ್ಲಿ ಕೆಜಾಯಾ ವಾಪಸ್ ಹತ್ತಿದ ಭಾಗವನ್ನು ಅಡೆಲಿನ್ ಅವರೇ ಬಂದು ಹೇಳುತ್ತಾರೆ.

ಲಾಯ್ಡ್ ಈ ದಾರಿಗೆ ಬಂದಿರುವುದು ಇದೇ ಮೊದಲು. “ದೇಹ ಸಿಕ್ಕಾಗ ಕೆಜಾಯಾ ಮುಖ ಯಾವ ಕಡೆಗಿತ್ತು, ಬಿಡಾರದ ಕಡೆಗಾ?” ಎಂದು ಮೆಲ್ಲಗೆ ಕೇಳುತ್ತಾರೆ.

“ಗೊತ್ತಿಲ್ಲ ಕಣೋ. ಗೊತ್ತಿಲ್ಲದ್ದನ್ನ ನಾನು ಹೇಳಲ್ಲ.”

ಲಾಯ್ಡ್ ಕೈಗವಸಿನಿಂದ ಕಣ್ಣೊರೆಸಿಕೊಂಡು, ಆರ್ಡಿಸ್ ಬೆನ್ನಿನ ಚೀಲ ಬಿಚ್ಚಿ ತಮ್ಮ ಹೆಗಲಿಗೆ ಹಾಕಿಕೊಳ್ಳುತ್ತಾರೆ.

ಇನ್ನೇನು ಆಸೆ ಎಂದು ಕೇಳಿದರೆ ಆರ್ಡಿಸ್ ಮೊಣಕಾಲು ನೀವಿಕೊಳ್ಳುತ್ತಾರೆ. “ಬಿಡಾರದಲ್ಲಿ ಕಾಯ್ತಾ ಕೂತಿದ್ಳಲ್ಲ, ಆ ಹುಡುಗಿಯ ಹೆಸರು ಇನ್ನೂ ಸಿಕ್ಕಿಲ್ಲ. ಅದೊಂದು ಸಿಗೋ ತನಕ ಈ ಕಾಲು ನಡೆದ್ರೆ ಸಾಕು.”